ಓದಲು ಬಾರದ ಊರು

ಶಾನ್ ಟಾನ್ ಅವರ ‘ದಿ ಅರೈವಲ್’ (2006) ಪುಸ್ತಕದಲ್ಲಿ ಒಂದು ಮಾತೂ ಇಲ್ಲ. ನೂರಕ್ಕೂ ಹೆಚ್ಚು ಪುಟಗಳ ತುಂಬ ಹಳೆಯ ಫೋಟೋಗಳ ಕಂದು ಛಾಯೆಯ ಪೆನ್ಸಿಲ್ ಚಿತ್ರಗಳಷ್ಟೇ. ಹೆಂಡತಿ, ಮಗಳನ್ನು ಊರಲ್ಲೇ ಬಿಟ್ಟು, ಒಂದು ಸೂಟ್‌ಕೇಸ್ ಹಿಡಿದು ಹಡಗು ಹತ್ತಿದವನ ಕತೆ. ಕತೆಯೇನೂ ಹೊಸದಲ್ಲ.

ಹೊಸದು ಇರುವುದು ನಮ್ಮನ್ನೂ ಅನಕ್ಷರಸ್ಥರನ್ನಾಗಿಸುವ ಉಪಾಯದಲ್ಲಿ. ಅವನು ಇಳಿಯುವ ನಗರದ ಲಿಪಿ ಟಾನ್ ತಾವೇ ಕಟ್ಟಿದ್ದು. ಭಿತ್ತಿಪತ್ರ ಅಂಟಿಸುವ ಕೆಲಸ ಸಿಕ್ಕಾಗ ಅವನು ಎಲ್ಲವನ್ನೂ ತಲೆಕೆಳಗಾಗಿ ಅಂಟಿಸಿಬಿಡುತ್ತಾನೆ. ನೋಡಿ ನಗುವಂತಿಲ್ಲ, ತಲೆಕೆಳಗೆಂದು ನಮಗಾದರೂ ಎಲ್ಲಿ ಗೊತ್ತಾಗಿತ್ತು? ವಲಸಿಗನ ಪಾಡನ್ನು ಪುಟಗಟ್ಟಲೆ ವರ್ಣಿಸುವ ಕಾದಂಬರಿಗಳಿಗೆ ಸಿಗದ್ದು ಈ ಒಂದು ಚಿತ್ರದಲ್ಲಿ ಸಿಕ್ಕಿದೆ. ತರಕಾರಿ ಕೊಳ್ಳಲು ಪರದಾಡುವಾಗ ನೆರವಾದ ಅಪ್ಪ-ಮಗ ಅವನನ್ನು ಮನೆಗೆ ಊಟಕ್ಕೆ ಕರೆಯುತ್ತಾರೆ. ಅವರೂ ಓಡಿಬಂದವರೇ. ಊರು ಅವನದಾಗುತ್ತ ಹೋಗುವುದು ಇಂಥವರಿಂದ.

ನನ್ನ ತಕರಾರು ಇಲ್ಲೇ. ಕೇಡೆಲ್ಲ ಬಿಟ್ಟುಬಂದ ದೇಶಗಳಲ್ಲಿದೆ: ಬೀದಿಗಳ ಮೇಲೆ ಹರಿದಾಡುವ ದೈತ್ಯ ಬಾಲದ ನೆರಳು, ಯುದ್ಧ, ಜೀತ. ಹೊಸ ದೇಶದಲ್ಲಿ ಕೆಲಸ ಕೊಡದೆ ಕಳಿಸುವವರಿದ್ದಾರೆ, ಹೀಗಳೆಯುವವರು ಕಾಣುವುದಿಲ್ಲ. ಟಾನ್ ಹುಟ್ಟಿ ಬೆಳೆದ ಆಸ್ಟ್ರೇಲಿಯಾದ ಚರಿತ್ರೆ ಇಷ್ಟು ಮೃದುವಲ್ಲ. 1901ರ ಕಾನೂನಿನ ಪ್ರಕಾರ ಅಧಿಕಾರಿ ತನಗೆ ಬೇಕಾದ ಯುರೋಪಿನ ಭಾಷೆಯಲ್ಲಿ 50 ಪದಗಳ ಉಕ್ತಲೇಖನ ಕೊಡಬಹುದಿತ್ತು, ತಪ್ಪಿದವರಿಗೆ ಪ್ರವೇಶವಿಲ್ಲ. ಬಿಳಿಯರಲ್ಲದವರನ್ನು ಹೊರಗಿಡಲೆಂದೇ ಮಾಡಿದ್ದು ಅದು. ಹಲವು ಭಾಷೆ ಬಲ್ಲ ಪತ್ರಕರ್ತ ಎಗಾನ್ ಕಿಶ್ ಅವರನ್ನು 1934ರಲ್ಲಿ ಸ್ಕಾಟಿಷ್ ಗೇಲಿಕ್‌ನಲ್ಲಿ ಪರೀಕ್ಷಿಸಿದರು! ಆ ಪರೀಕ್ಷೆ ರದ್ದಾದದ್ದು 1958ರಲ್ಲಿ. ಚೀನೀ ಮೂಲದ ಟಾನ್ ಅವರ ತಂದೆ ಮಲೇಷ್ಯಾದಿಂದ ಬಂದದ್ದು 1960ರಲ್ಲಿ. ಅರ್ಥವಾಗದ ಅಕ್ಷರ ಅಲ್ಲಿ ಬರೀ ಬೆರಗಲ್ಲ, ಮುಖಕ್ಕೆ ಹಾಕಿದ ಬಾಗಿಲು. ಆ ಬಾಗಿಲನ್ನು ಟಾನ್ ಬರೆದಿಲ್ಲ.

ಯಾವ ದೇಶವೆಂದು ಹೆಸರಿಸದಿರುವುದೇ ಪುಸ್ತಕದ ಶಕ್ತಿ ಎನ್ನುವವರಿದ್ದಾರೆ. ಒಪ್ಪೋಣ; ಆದರೆ ಹೆಸರಿಲ್ಲದ ದೇಶ ಲೆಕ್ಕ ಕೊಡಬೇಕಾಗಿಲ್ಲ ಎಂಬುದೂ ಅಷ್ಟೇ ನಿಜ. ಬಂದವನ ದಿಗಿಲನ್ನು ಇಷ್ಟು ಹತ್ತಿರದಿಂದ ಬರೆದ ಕೈ ಬರಮಾಡಿಕೊಂಡ ನಾಡಿನ ವಿಷಯದಲ್ಲಿ ಸಲುಗೆ ತೋರಿಸಿತು.

ಇಷ್ಟಾದರೂ, ಕನ್ನಡದ ಓದುಗರು ಅನುವಾದಕ್ಕೆ ಕಾಯದೆ ಇವತ್ತೇ ಎತ್ತಿಕೊಳ್ಳಬಹುದಾದ ಪುಸ್ತಕ. ಮಕ್ಕಳಿಗೆಂದು ತಂದರೂ ಮೊದಲು ನೀವು ನೋಡಿ.