ಸೂತ್ರ ಉಳಿದು ತರ್ಕ ಉದುರಿದ ಕಾನೂನು ಪುಸ್ತಕಗಳು

ಸಿವಿಲ್ ನ್ಯಾಯಾಧೀಶರ ಪರೀಕ್ಷೆಗೆ ಓದುವವರಿಗೆಲ್ಲ ಮೊಹೊರಿ ಬೀಬಿ ಪ್ರಕರಣ ಬಾಯಿಪಾಠ. 1903, ಪ್ರಿವಿ ಕೌನ್ಸಿಲ್. ಅಪ್ರಾಪ್ತ ವಯಸ್ಕ ಮಾಡಿಕೊಂಡ ಕರಾರು ಮೊದಲಿನಿಂದಲೇ ಶೂನ್ಯ, ಪಡೆದ ಹಣ ಹಿಂತಿರುಗಿಸಬೇಕಾಗಿಲ್ಲ. ಹೆಚ್ಚಿನ ಗೈಡುಗಳಲ್ಲಿ ಈ ತೀರ್ಪಿಗೆ ಸಿಗುವುದು ಇಷ್ಟೇ ಜಾಗ.

ಪ್ರಕರಣ ಇದಕ್ಕಿಂತ ಬಹಳ ದೊಡ್ಡದು. 1895ರ ಜುಲೈನಲ್ಲಿ ಕಲ್ಕತ್ತೆಯ ಧರ್ಮೋದಾಸ್ ಘೋಷ್ ತನ್ನ ಮನೆಗಳನ್ನು ಬ್ರಹ್ಮೋ ದತ್ತ ಎಂಬ ಲೇವಾದೇವಿಗಾರನಿಗೆ 20,000 ರೂಪಾಯಿಗೆ ಅಡಮಾನ ಬರೆದುಕೊಟ್ಟ. ದತ್ತ ಆಗ ಊರಿನಲ್ಲಿರಲಿಲ್ಲ. ವ್ಯವಹಾರ ನೋಡಿಕೊಂಡವನು ಅವನ ಅಟಾರ್ನಿ ಕೇದಾರನಾಥ. ಪತ್ರಕ್ಕೆ ಸಹಿ ಬೀಳುವುದಕ್ಕೆ ಐದು ದಿನ ಮೊದಲೇ, ಹುಡುಗ ಇನ್ನೂ ಅಪ್ರಾಪ್ತ ಎಂದು ತಾಯಿಯ ಪರವಾಗಿ ಕೇದಾರನಾಥನಿಗೆ ಪತ್ರ ಹೋಗಿತ್ತು. ಅವನು ಸಾಲ ನಿಲ್ಲಿಸಲಿಲ್ಲ. ತಾನು ವಯಸ್ಕನೆಂಬ ಘೋಷಣೆಗೆ ಹುಡುಗನ ಕೈಯಿಂದಲೇ ಸಹಿ ಹಾಕಿಸಿಕೊಂಡು ಮುಂದುವರಿದ. ವಿವಾದ ನ್ಯಾಯಾಲಯಕ್ಕೆ ಬಂದಾಗ, ವಯಸ್ಕನೆಂದು ಹೇಳಿಕೊಂಡವನು ಈಗ ಮಾತು ತಿರುಗಿಸುವಂತಿಲ್ಲ ಎಂಬ ಎಸ್ಟಾಪೆಲ್ ವಾದ ಬಿದ್ದುಹೋದದ್ದು, ನಿಜ ಸಂಗತಿ ಸಾಲ ಕೊಟ್ಟವರಿಗೂ ಗೊತ್ತಿದ್ದ ಕಾರಣಕ್ಕೆ. ನ್ಯಾಯದ ದೃಷ್ಟಿಯಿಂದಲಾದರೂ ಹಣ ವಾಪಸ್ ಕೊಡಿಸಿ ಎಂಬ ಬೇಡಿಕೆ ನಿಲ್ಲದಿದ್ದುದಕ್ಕೂ ಗೊತ್ತಿದ್ದೇ ಸಾಲ ಕೊಟ್ಟದ್ದು ಕಾರಣ.

ಹಾಗಾದರೆ ಸಾಲ ಕೊಟ್ಟವನಿಗೆ ಏನೂ ಗೊತ್ತಿಲ್ಲದೆ, ಹುಡುಗನೇ ವಂಚಿಸಿದ್ದರೆ? 1928ರಲ್ಲಿ ಖಾನ್ ಗುಲ್ ಪ್ರಕರಣದಲ್ಲಿ ಲಾಹೋರ್ ಹೈಕೋರ್ಟ್ ಹಣ ಹಿಂತಿರುಗಿಸಲು ಹೇಳಿತು. 1937ರಲ್ಲಿ ಅಲಹಾಬಾದ್ ಹೈಕೋರ್ಟ್ ಅದನ್ನು ಒಪ್ಪಲಿಲ್ಲ. ನ್ಯಾಯಾಧೀಶರಾಗಬೇಕಾದವರು ಬುದ್ಧಿ ಓಡಿಸಬೇಕಾದ ಜಾಗ ಇದು. ಗೈಡು ಇಲ್ಲಿಗೆ ಬರುವ ಮೊದಲೇ ಮುಂದಿನ ಪ್ರಕರಣಕ್ಕೆ ಹಾರಿರುತ್ತದೆ.

ದೋಷವನ್ನೆಲ್ಲ ಇಂದಿನ ಕೋಚಿಂಗ್ ಮಾರುಕಟ್ಟೆಯ ತಲೆಗೆ ಕಟ್ಟುವುದು ಸುಲಭ. ಆದರೆ ಸೂತ್ರರೂಪದ ಈ ಬರವಣಿಗೆಗೆ ಶತಮಾನ ದಾಟಿದ, ಗೌರವಾನ್ವಿತ ಮೂಲವಿದೆ. ಮುಂಬಯಿಯ ದಿನ್‌ಶಾ ಫರ್ದೂನ್‌ಜಿ ಮುಲ್ಲಾ ಹಿಂದೂ ಮತ್ತು ಮುಸ್ಲಿಂ ವೈಯಕ್ತಿಕ ಕಾನೂನುಗಳ ಮೇಲೆ ಬರೆದ ಪುಸ್ತಕಗಳು ನೋಡಲು ಶಾಸನದಂತೆಯೇ ಇವೆ: ಕ್ರಮಸಂಖ್ಯೆ ಹಾಕಿದ ಸೆಕ್ಷನ್ನುಗಳು, ಕೆಳಗೆ ವಿವರಣೆ, ಅದರ ಕೆಳಗೆ ತೀರ್ಪುಗಳು. ಚದುರಿಹೋಗಿದ್ದ ಕಾನೂನನ್ನು ಒಂದೆಡೆ ತಂದ ಆ ಕೆಲಸ ಅಸಾಧಾರಣವಾದದ್ದು. ಸಂಸತ್ತು ಎಂದೂ ಮಾಡದ ಕಾನೂನಿಗೆ ‘ಮುಲ್ಲಾ, ಸೆಕ್ಷನ್ ಇಂತಿಷ್ಟು’ ಎಂದು ನ್ಯಾಯಾಲಯಗಳಲ್ಲೇ ಉಲ್ಲೇಖಿಸುವಷ್ಟು ಅದು ಬೇರೂರಿತು. ಅದೇ ಮುಲ್ಲಾ ಆಕ್ಸ್‌ಫರ್ಡಿನ ಫ್ರೆಡರಿಕ್ ಪೊಲಾಕ್ ಜೊತೆ 1905ರಲ್ಲಿ ಪ್ರಕಟಿಸಿದ ಕರಾರು ಕಾಯ್ದೆಯ ಭಾಷ್ಯ ಇಂದಿಗೂ ಹೊಸ ಆವೃತ್ತಿಗಳಲ್ಲಿ ಬರುತ್ತಿದೆ. ರತನ್‌ಲಾಲ್ ಮತ್ತು ಧೀರಜ್‌ಲಾಲ್ ಅಪರಾಧ ಕಾನೂನಿಗೂ ಅಪಕೃತ್ಯ ಕಾನೂನಿಗೂ ಇಂಥದೇ ಸೇವೆ ಸಲ್ಲಿಸಿದರು.

ಇವು ವಕೀಲರಿಗಾಗಿ ಬರೆದವು ಎಂಬುದು ಮುಖ್ಯ. ವಕೀಲನ ಮೇಜಿನ ಮೇಲೆ ಕಕ್ಷಿದಾರನ ಕಡತ ಆಗಲೇ ಇರುತ್ತದೆ. ಸಂಗತಿಗಳು ಅವನಿಗೆ ಗೊತ್ತು, ಬೇಕಾದದ್ದು ನಿಯಮ ಮಾತ್ರ. ವಿದ್ಯಾರ್ಥಿಯ ಮುಂದೆ ಅಂಥ ಕಡತವಿಲ್ಲ. ಭಾಷ್ಯವನ್ನು ಸಂಕ್ಷೇಪಿಸಿ ಪಠ್ಯ, ಪಠ್ಯವನ್ನು ಸಂಕ್ಷೇಪಿಸಿ ಗೈಡು ಮಾಡುತ್ತ ಹೋದಂತೆ ಪ್ರತಿ ಹಂತದಲ್ಲೂ ಕಳಚಿದ್ದು ಸಂಗತಿಗಳು, ಅವುಗಳ ಹಿಂದೆಯೇ ತರ್ಕ.

ನಡುವೆ ಒಳ್ಳೆಯ ಪಠ್ಯಗಳು ಬಂದಿಲ್ಲವೆಂದಲ್ಲ. ಅವತಾರ್ ಸಿಂಗ್ ಅವರ ಕರಾರು ಕಾನೂನಿನ ಪುಸ್ತಕ ವಿದ್ಯಾರ್ಥಿಯನ್ನು ಪ್ರಕರಣದ ಒಳಗೆ ಕರೆದೊಯ್ಯುತ್ತದೆ. ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಯಾಗಿದ್ದ ಸಿ.ಕೆ. ಠಕ್ಕರ್, ಸಿ.ಕೆ. ತಕ್ವಾನಿ ಎಂಬ ಹೆಸರಿನಲ್ಲಿ ಬರೆದ ಸಿವಿಲ್ ಪ್ರಕ್ರಿಯೆಯ ಪುಸ್ತಕ ಒಣ ವಿಷಯವನ್ನೂ ತಿಳಿಯಾಗಿ ಬಿಡಿಸುತ್ತದೆ. ಸಂವಿಧಾನಕ್ಕೆ ಎಂ.ಪಿ. ಜೈನ್, ವಿ.ಎನ್. ಶುಕ್ಲ ಇದ್ದಾರೆ. ಇವರೆಲ್ಲರಿಗಿಂತ ಒಂದು ಹೆಜ್ಜೆ ಮುಂದೆ ನಿಲ್ಲುವವರು ಎಚ್.ಎಂ. ಸೀರವಾಯಿ. 1967ರಲ್ಲಿ ಮೊದಲು ಬಂದ ಅವರ ಸಂವಿಧಾನ ಕಾನೂನಿನ ಗ್ರಂಥ ಮೂರು ದಪ್ಪ ಸಂಪುಟಗಳಿಗೆ ಬೆಳೆಯಿತು. ಪರೀಕ್ಷೆಗೆ ಕೂರುವವರು ಅದಕ್ಕೆ ಹೆದರಿ ದೂರ ಉಳಿಯುತ್ತಾರೆ. 1973ರ ಕೇಶವಾನಂದ ಭಾರತಿ ಪ್ರಕರಣದಲ್ಲಿ ಕೇರಳ ಸರ್ಕಾರದ ಪರ ನಿಂತು, ಸಂವಿಧಾನ ತಿದ್ದುವ ಸಂಸತ್ತಿನ ಅಧಿಕಾರಕ್ಕೆ ಮಿತಿಯಿಲ್ಲವೆಂದು ವಾದಿಸಿದವರು ಇದೇ ಸೀರವಾಯಿ. 7–6 ಬಹುಮತದಲ್ಲಿ ಮೂಲ ರಚನೆಯ ಸಿದ್ಧಾಂತ ಗೆದ್ದಿತು. ಮುಂದಿನ ವರ್ಷಗಳಲ್ಲಿ ಅವರು ತಮ್ಮ ನಿಲುವನ್ನು ಬದಲಿಸಿಕೊಂಡರು, ಬದಲಾದದ್ದು ಏಕೆಂದು ಅದೇ ಗ್ರಂಥದಲ್ಲಿ ವಾದಿಸಿ ತೋರಿಸಿದರು. ದೊಡ್ಡ ವಕೀಲರೊಬ್ಬರು ತಮ್ಮದೇ ವಾದವನ್ನು ಪರೀಕ್ಷೆಗೊಡ್ಡುವ ಆ ಪುಟಗಳಿಗಿಂತ ಉತ್ತಮ ಪಾಠ ಕಾನೂನು ವಿದ್ಯಾರ್ಥಿಗೆ ಸಿಗುವುದು ಕಷ್ಟ.

ಇನ್ನೊಂದು ಆಸ್ತಿ ಕಾಯ್ದೆಯ ಮೂಲಪಠ್ಯವಾದ ಬೇರ್ ಆಕ್ಟ್‌ನಲ್ಲೇ ಇದೆ. ಮೆಕಾಲೆಯ ಆಯೋಗ 1837ರಲ್ಲಿ ಸಿದ್ಧಪಡಿಸಿದ ದಂಡ ಸಂಹಿತೆಯ ಕರಡಿನಲ್ಲಿ ಕಲಮುಗಳ ಜೊತೆಗೇ ದೃಷ್ಟಾಂತಗಳಿದ್ದವು. 1860ರ ದಂಡ ಸಂಹಿತೆ, 1872ರ ಕರಾರು ಕಾಯ್ದೆ, ಸಾಕ್ಷ್ಯ ಕಾಯ್ದೆ ಮೂರೂ ಇದೇ ದಾರಿ ಹಿಡಿದವು. ಕಳ್ಳತನದ ಕಲಮಿನ ಕೆಳಗಿನ ಒಂದು ದೃಷ್ಟಾಂತ ನೋಡಬಹುದು: ಒಬ್ಬಾತ ಜೇಬಿನಲ್ಲಿ ನಾಯಿಗೆ ಆಸೆ ಹುಟ್ಟಿಸುವ ತಿನಿಸು ಇಟ್ಟುಕೊಂಡು ಇನ್ನೊಬ್ಬನ ನಾಯಿಯನ್ನು ಹಿಂದೆ ಬರುವಂತೆ ಮಾಡುತ್ತಾನೆ. ಉದ್ದೇಶ ಅಪ್ರಾಮಾಣಿಕವಾಗಿದ್ದರೆ, ನಾಯಿ ಹಿಂಬಾಲಿಸಲು ಶುರು ಮಾಡಿದ ಕ್ಷಣದಲ್ಲೇ ಕಳ್ಳತನ ಆಗಿಹೋಯಿತು. ನಾಯಿಯನ್ನು ಅವನು ಮುಟ್ಟಿಯೂ ಇಲ್ಲ. ವಸ್ತು ಕದಲುವುದು, ಒಡೆಯನ ಸಮ್ಮತಿ ಇಲ್ಲದಿರುವುದು, ಅಪ್ರಾಮಾಣಿಕ ಉದ್ದೇಶ, ಎಲ್ಲವೂ ಮೂರು ಸಾಲಿನಲ್ಲಿ ಕಣ್ಣಿಗೆ ಕಟ್ಟುತ್ತವೆ. ಪುಟ ಉಳಿಸಲು ಗೈಡುಗಳು ಮೊದಲು ಕತ್ತರಿಸುವುದು ಇಂಥ ದೃಷ್ಟಾಂತಗಳನ್ನೇ.

2024ರ ಜುಲೈ 1ರಂದು ಭಾರತೀಯ ನ್ಯಾಯ ಸಂಹಿತೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಮತ್ತು ಭಾರತೀಯ ಸಾಕ್ಷ್ಯ ಅಧಿನಿಯಮ ಜಾರಿಗೆ ಬಂದಾಗ ಪುಸ್ತಕಗಳನ್ನು ಬುಡದಿಂದ ಹೊಸದಾಗಿ ಬರೆಯುವ ಅಪರೂಪದ ಅವಕಾಶ ಬಂದಿತ್ತು. 511 ಕಲಮುಗಳ ದಂಡ ಸಂಹಿತೆಯ ಜಾಗದಲ್ಲಿ ನ್ಯಾಯ ಸಂಹಿತೆಯ 358 ಕಲಮುಗಳು. ಬಹುಪಾಲು ಪ್ರಕಾಶಕರು ಕೊಟ್ಟದ್ದು ಹೋಲಿಕೆ ಪಟ್ಟಿ: 302 ಈಗ 103, 420 ಈಗ 318(4), 498ಎ ಈಗ 85. ಪಟ್ಟಿ ಬೇಕು, ಅನುಮಾನವಿಲ್ಲ. ಹಳೆಯ ಅಪರಾಧಗಳ ವಿಚಾರಣೆ ಹಳೆಯ ಸಂಹಿತೆಯಡಿಯಲ್ಲೇ ನಡೆಯುವುದರಿಂದ ಇನ್ನೂ ಅನೇಕ ವರ್ಷ ಎರಡೂ ಸಂಖ್ಯೆಗಳು ಗೊತ್ತಿರಬೇಕು. ಆದರೆ 5,000 ರೂಪಾಯಿಗಿಂತ ಕಡಿಮೆ ಮೌಲ್ಯದ ಮೊದಲ ಕಳ್ಳತನದಲ್ಲಿ, ವಸ್ತು ಹಿಂತಿರುಗಿಸಿದವನಿಗೆ ಸಮುದಾಯ ಸೇವೆಯ ಶಿಕ್ಷೆ ವಿಧಿಸುವಾಗ ನ್ಯಾಯಾಧೀಶ ಏನನ್ನು ತೂಗಿ ನೋಡಬೇಕು? ಜಾತಿ, ಭಾಷೆ, ಜನ್ಮಸ್ಥಳದಂಥ ಕಾರಣಕ್ಕೆ ಐದು ಅಥವಾ ಹೆಚ್ಚು ಮಂದಿ ಸೇರಿ ಕೊಲೆ ಮಾಡುವುದನ್ನು 103(2)ರಲ್ಲಿ ಬೇರೆಯಾಗಿ ಹೇಳಿದ್ದರಿಂದ ಸಾಕ್ಷ್ಯದಲ್ಲಿ ಏನನ್ನು ಹೆಚ್ಚಾಗಿ ರುಜುವಾತುಪಡಿಸಬೇಕಾಗುತ್ತದೆ? ಇವನ್ನು ವಿಸ್ತಾರವಾಗಿ ಬಿಡಿಸಬೇಕಾದ ಪುಟಗಳನ್ನು ಪಟ್ಟಿಗಳು ನುಂಗಿವೆ.

ಅಖಿಲ ಭಾರತ ಮಾರುಕಟ್ಟೆಗಾಗಿ ಬರೆದ ಪುಸ್ತಕಗಳು ರಾಜ್ಯದ ಕಾನೂನನ್ನು ಮರೆಯುವುದು ಮತ್ತೊಂದು ಕೊರತೆ. ಹೆಣ್ಣುಮಕ್ಕಳ ಪಿತ್ರಾರ್ಜಿತ ಹಕ್ಕಿನ ಕಥೆ ಅವುಗಳಲ್ಲಿ ಸಂಸತ್ತಿನ 2005ರ ತಿದ್ದುಪಡಿಯಿಂದ ಶುರುವಾಗಿ ಸುಪ್ರೀಂ ಕೋರ್ಟಿನ 2020ರ ವಿನೀತಾ ಶರ್ಮಾ ತೀರ್ಪಿಗೆ ಮುಗಿಯುತ್ತದೆ. ಕರ್ನಾಟಕ 1994ರಲ್ಲೇ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ತಿದ್ದುಪಡಿ ತಂದು ಹೆಣ್ಣುಮಕ್ಕಳನ್ನು ಸಹದಾಯಾದರನ್ನಾಗಿ ಮಾಡಿತ್ತು, ಅದಕ್ಕೂ ಮೊದಲೇ ಮದುವೆಯಾದವರನ್ನು ಹೊರಗಿಟ್ಟಿತ್ತು. ಆ ಹೊರಗಿಟ್ಟ ಹೆಣ್ಣುಮಕ್ಕಳು ಇಲ್ಲಿನ ವಿಭಾಗದ ದಾವೆಗಳಲ್ಲಿ ವಾದಿಗಳಾಗಿ ಬಂದವರು. ಅವರ ದಾವೆ ತೀರ್ಮಾನಿಸಬೇಕಾದವರ ಓದಿನಲ್ಲಿ ಆ ಅಧ್ಯಾಯವೇ ಇಲ್ಲವೆಂದರೆ ಅದು ಸಣ್ಣ ಲೋಪವಲ್ಲ.

ಕರ್ನಾಟಕ ಹೈಕೋರ್ಟ್ ನಡೆಸುವ ಸಿವಿಲ್ ನ್ಯಾಯಾಧೀಶರ ಮುಖ್ಯ ಪರೀಕ್ಷೆ ಭಾಷಾಂತರವನ್ನೂ ಕೇಳುತ್ತದೆ, ವಿವಾದಾಂಶಗಳನ್ನು ರಚಿಸಿ ತೀರ್ಪು ಬರೆಯುವುದನ್ನೂ ಕೇಳುತ್ತದೆ. ಪುಸ್ತಕಗಳು ತೀರಾ ಬಡವಾಗಿರುವುದು ಇಲ್ಲಿಯೇ. ವಾದಪತ್ರದಲ್ಲಿ ಒಂದು ವಿಸ್ತೀರ್ಣ, ಪಹಣಿಯಲ್ಲಿ ಇನ್ನೊಂದು, ಪಾಟೀ ಸವಾಲಿನಲ್ಲಿ ಸಾಕ್ಷಿ ಒಪ್ಪಿಕೊಂಡದ್ದು ಮೂರನೆಯದು. ಇವುಗಳಲ್ಲಿ ಯಾವುದನ್ನು ನಂಬಬೇಕು, ನಂಬಿದ್ದಕ್ಕೆ ಕಾರಣವನ್ನು ಹೇಗೆ ಬರೆಯಬೇಕು ಎಂಬುದು ಮಾದರಿ ತೀರ್ಪೊಂದನ್ನು ನಕಲು ಮಾಡಿದರೆ ಬರುವ ವಿದ್ಯೆಯಲ್ಲ. ತಾಲ್ಲೂಕು ನ್ಯಾಯಾಲಯದ ಕನ್ನಡ ಹೇಳಿಕೆಗಳನ್ನು ಸಾಕ್ಷಿಯ ಮಾತಿನ ಧಾಟಿ ಕೆಡದಂತೆ ಇಂಗ್ಲಿಷಿಗೆ ತರುವ ಅಭ್ಯಾಸಕ್ಕೂ ಬಿಡಿ ವಾಕ್ಯಗಳ ಪಟ್ಟಿ ಸಾಲದು.

ಹೊಸದಾಗಿ ಪದವಿ ಪಡೆದವರೂ ನೇರವಾಗಿ ಈ ಪರೀಕ್ಷೆ ಬರೆಯಬಹುದೆಂದು 2002ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದ್ದು, ಕರ್ನಾಟಕದವರೇ ಆದ ನ್ಯಾಯಮೂರ್ತಿ ಕೆ. ಜಗನ್ನಾಥ ಶೆಟ್ಟಿ ಆಯೋಗದ ಶಿಫಾರಸಿನ ಮೇಲೆ. 2025ರ ಮೇ 20ರಂದು ಅದೇ ನ್ಯಾಯಾಲಯ ಮೂರು ವರ್ಷಗಳ ವಕೀಲಿಕೆಯನ್ನು ಮತ್ತೆ ಕಡ್ಡಾಯ ಮಾಡಿತು. ಇನ್ನು ಮುಂದೆ ಈ ಪುಸ್ತಕಗಳನ್ನು ಕೊಳ್ಳುವವರು ಮೊಕದ್ದಮೆಗಳ ಕಡತ ತಿರುವಿ ಹಾಕಿದವರು, ಅರ್ಜಿ ಬರೆದವರು, ಸಾಕ್ಷಿಯ ಎದುರು ನಿಂತವರು. ಅವರಿಗೆ ನಿಯಮದ ಎರಡು ಸಾಲು ಕೊಟ್ಟು ಕಳಿಸಲಾಗದು. ಹೆಸರು, ಊರು ಬದಲಿಸಿದ ನಿಜವಾದ ದಾವೆಗಳ ಕಡತಗಳು, ವಾದಪತ್ರದಿಂದ ಕೊನೆಯ ಆದೇಶದವರೆಗೆ, ಕನ್ನಡದ ಮೂಲ ಹೇಳಿಕೆಗಳ ಸಮೇತ, ಮೇಲ್ಮನವಿಯಲ್ಲಿ ತೀರ್ಪು ಎಲ್ಲಿ ಮುರಿದುಬಿತ್ತು ಎಂಬ ಟಿಪ್ಪಣಿಯೊಂದಿಗೆ ಒಂದು ಸಂಪುಟವಾಗಿ ಬರಬೇಕು. ಅದನ್ನು ಸಿದ್ಧಪಡಿಸಬಲ್ಲ ನಿವೃತ್ತ ಜಿಲ್ಲಾ ನ್ಯಾಯಾಧೀಶರೂ ರಾಜ್ಯದಲ್ಲಿದ್ದಾರೆ, ಅದಕ್ಕೆ ಮುಂದಾಗಬಲ್ಲ ಕಾನೂನು ವಿಶ್ವವಿದ್ಯಾಲಯವೂ ಇದೆ.