ಎಳೆ ಹಿಡಿದು ನೋಡುವ ಚಿತ್ತಾರ

ಮಲೆನಾಡಿನ ದೀವರ ಸಮುದಾಯದ ಮನೆಯಲ್ಲಿ, ಮದುವೆಗೆಂದು ಚಿತ್ತಾರ ಬರೆದ ಹಸೆಗೋಡೆಯ ಮುಂದೆ ಮೊದಲ ಸಲ ನಿಂತವರ ಕಣ್ಣು ಚಿತ್ರ ಹುಡುಕುತ್ತದೆ. ಮನುಷ್ಯರೆಲ್ಲಿ, ಹಕ್ಕಿಯೆಲ್ಲಿ, ಮರವೆಲ್ಲಿ? ಹಾಗೆ ಹುಡುಕಿದರೆ ಕಾಣುವುದು ಕೆಂಪು ಗೋಡೆಯ ಮೇಲೆ ಬಿಳಿ ಗೆರೆಗಳ ದೊಡ್ಡದೊಂದು ಚೌಕ. ಎರಡು ನಿಮಿಷದಲ್ಲಿ ನೋಡಿ ಮುಗಿಯಿತು ಅನಿಸಿಬಿಡುತ್ತದೆ. ಸಾಗರ, ಹೊಸನಗರ, ತೀರ್ಥಹಳ್ಳಿ, ಸೊರಬದ ಕಡೆಯ ಈ ಕಲೆಯನ್ನು ಸವಿಯಬೇಕಾದರೆ ಚಿತ್ರವನ್ನು ಪಕ್ಕಕ್ಕಿಟ್ಟು ಎಳೆ ಹಿಡಿಯಬೇಕು.

ಹೊರ ಅಂಚಿನ ಒಂದು ಮೂಲೆಯಿಂದ ಶುರುಮಾಡಿ. ಒಂದು ಬಿಳಿ ಎಳೆ, ಅದರ ಪಕ್ಕ ಇನ್ನೊಂದು, ಅದಕ್ಕೆ ತಗಲದಂತೆ ಮತ್ತೊಂದು. ನಡುವೆ ಉಳಿದ ಕೆಂಪು ಕೂಡ ಅಷ್ಟೇ ತೆಳು, ಅಷ್ಟೇ ಸಮ. ಬರೆದವಳ ಕಸುವು ಬಿಳಿಯಲ್ಲಿ ಎಷ್ಟಿದೆಯೋ, ಬರೆಯದೆ ಬಿಟ್ಟ ಆ ಕೆಂಪಿನಲ್ಲೂ ಅಷ್ಟೇ ಇದೆ. ಎಳೆಯ ಜೊತೆಗೇ ಕಣ್ಣು ಸಾಗಿಸಿ, ಅದು ಮೂಲೆಗೆ ಬಂದು ತಿರುಗುವಲ್ಲಿ ನಿಲ್ಲಿಸಿ. ಪುಂಡಿ ನಾರಿನ ಕುಂಚ ಅಲ್ಲಿ ದಪ್ಪವಾಗಿಲ್ಲ, ತೊಟ್ಟಿಕ್ಕಿಲ್ಲ, ಜೊತೆಯ ಎಳೆಗಳು ಒಂದನ್ನೊಂದು ಮುಟ್ಟಿಲ್ಲ ಎಂದರೆ ನೀವು ಒಳ್ಳೆಯ ಚಿತ್ತಾರಗಿತ್ತಿಯ ಗೋಡೆಯ ಮುಂದಿದ್ದೀರಿ.

ಪಂಜಾಬಿನ ಫುಲ್ಕಾರಿಯನ್ನು ನೋಡಿದವರಿಗೆ ಈ ಶಿಸ್ತು ಪರಿಚಿತ ಅನಿಸೀತು. ಅಲ್ಲಿಯೂ ಮನೆಯ ಹೆಂಗಸರೇ ಮಗಳ, ಮೊಮ್ಮಗಳ ಮದುವೆಗೆಂದು ಒರಟು ಖಾದಿ ಬಟ್ಟೆಯ ಹಿಂಬದಿಯಿಂದ ಎಳೆ ಎಣಿಸುತ್ತ ರೇಷ್ಮೆ ದಾರದಲ್ಲಿ ಹೂ ತುಂಬುತ್ತಿದ್ದರು. ನಮ್ಮ ಧಾರವಾಡ ಸೀಮೆಯ ಕಸೂತಿಯದೂ ಎಣಿಕೆಯ ಕೆಲಸವೇ. ಆದರೆ ಅವರಿಗೆ ಬಟ್ಟೆಯ ನೇಯ್ಗೆ ಲೆಕ್ಕ ಹೇಳಿಕೊಡುತ್ತದೆ. ಮಣ್ಣಿನ ಗೋಡೆಗೆ ನೇಯ್ಗೆಯಿಲ್ಲ. ಲೆಕ್ಕವೆಲ್ಲ ಕೈಯಲ್ಲೇ ಇರಬೇಕು. ಚಿತ್ತಾರದ ಬಗ್ಗೆ ನನಗಿರುವ ಅತಿ ದೊಡ್ಡ ಬೆರಗು ಇದೇ.

ಎಳೆ ಕಣ್ಣಿಗೆ ಪಳಗಿದ ಮೇಲೆ ಒಳಗಿನ ಕುಸುರಿ ತಾನಾಗಿ ಬಿಡಿಸಿಕೊಳ್ಳುತ್ತದೆ. ಎಳೆಗಳು ಒಂದನ್ನೊಂದು ಹಾದು ಹೋಗುವ ಕುಸುರಿಯ ಹೆಸರು ನಿಲಿ. ಹೆಣೆದಂತೆ ಕಾಣುವ ಪಟ್ಟಿ ಜೋಗಿ ಜಡೆ. ಚಿಕ್ಕ ಹೂವಿನಂಥದ್ದು ಸೂಜಿಮಲ್ಲಿಗೆ. ನೆತ್ತಿಯ ಮೇಲೆ ಬಾಸಿಂಗ, ಮೂಲೆಗಳಲ್ಲಿ ಆರತಿ. ಇಷ್ಟೆಲ್ಲ ಕಾವಲು ದಾಟಿದರೆ ನಡುವೆ ಮದುಮಕ್ಕಳು, ದಂಡಿಗೆ. ಹಸೆಯ ಮುಂದೆ ಕೂರುವ ಗಂಡು ಹೆಣ್ಣು ಹಸೆಯೊಳಗೂ ಕೂತಿರುತ್ತಾರೆ. ಈ ಹೆಸರುಗಳು ಊರಿಂದೂರಿಗೆ ಬದಲಾಗುತ್ತವೆ. ಪಟ್ಟಿ ಬಾಯಿಪಾಠ ಮಾಡುವ ಬದಲು ಆ ಮನೆಯ ಅಮ್ಮನನ್ನೋ ಅಜ್ಜಿಯನ್ನೋ ಕೇಳಿ. ಅವರು ಹೇಳಿದ ಹೆಸರೇ ಆ ಗೋಡೆಯ ಹೆಸರು.

ಅನೇಕರು ಇದನ್ನು ವಾರ್ಲಿ ಎಂದು ತಿಳಿಯುತ್ತಾರೆ. ಕೆಂಪು ನೆಲ, ಅಕ್ಕಿಯ ಬಿಳುಪು ಎರಡಕ್ಕೂ ಇದೆ, ನಿಜ. ಆದರೆ ಮಹಾರಾಷ್ಟ್ರದ ವಾರ್ಲಿ ಬಯಲಿನಲ್ಲಿ ಕುಣಿಯುವ, ಉಳುವ, ಬೇಟೆಯಾಡುವ ಜನರ ಕಥೆ ಹೇಳುತ್ತದೆ. ಚಿತ್ತಾರದಲ್ಲಿ ಗೊಂಬೆಗಳು ಬಂದರೂ ಅವು ಸಾಲು ಬಿಟ್ಟು ಕದಲುವುದಿಲ್ಲ. ಇಲ್ಲಿನ ಸೊಗಸು ಕಟ್ಟಿನಲ್ಲಿದೆ.

ಬಣ್ಣ ನಾಲ್ಕೇ. ಕೆಮ್ಮಣ್ಣಿನ ಕೆಂಪು. ನೆನೆಸಿ ಅರೆದ ಅಕ್ಕಿಯ ಬಿಳಿ. ಅದೇ ಅಕ್ಕಿಯನ್ನು ಕಪ್ಪಾಗುವಷ್ಟು ಹುರಿದು ಅರೆದರೆ ಕಪ್ಪು. ಗುರಿಗೆ ಕಾಯಿಯ ಬೀಜದಿಂದ ಹಳದಿ, ಅದೂ ಅಲ್ಲಲ್ಲಿ ಒಂದಿಷ್ಟೇ. ಅಕ್ಕಿಯ ಬಿಳಿ ಪೇಟೆಯ ಪೇಂಟಿನಂತೆ ಹೊಳೆಯುವುದಿಲ್ಲ. ಒಣಗಿದ ಮೇಲೆ ಮಣ್ಣಿನೊಳಗಿಂದಲೇ ಎದ್ದು ಬಂದಂತೆ ಮಂದವಾಗಿ ಕಾಣುತ್ತದೆ. ಹತ್ತಿರ ಹೋಗಿ ಓರೆ ಬೆಳಕಿನಲ್ಲಿ ನೋಡಿ, ಎಳೆಗೆ ಇಷ್ಟೇ ಇಷ್ಟು ಉಬ್ಬಿರುತ್ತದೆ. ಫೋಟೊದಲ್ಲಿ ಅದು ಸಿಗುವುದಿಲ್ಲ.

ಈ ಅಕ್ಕಿಗೆ ಒಂದು ಚರಿತ್ರೆಯಿದೆ. 1951ರಲ್ಲಿ ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಭೂಮಾಲೀಕರ ಎದುರು ಸತ್ಯಾಗ್ರಹಕ್ಕೆ ನಿಂತ ಗೇಣಿದಾರರು ಹೆಚ್ಚಾಗಿ ದೀವರು. ಅವರ ಜಗಳ ಶುರುವಾದದ್ದೇ ಗೇಣಿ ಭತ್ತ ಅಳೆಯುವ ಕೊಳಗದ ಗಾತ್ರದಿಂದ. ಕಾಳು ಕಾಳಿಗೂ ಲೆಕ್ಕ ಕೇಳಿಸಿಕೊಂಡ ಮನೆಗಳಲ್ಲಿ ಹೆಂಗಸರು ಒಂದು ಹಿಡಿ ಅಕ್ಕಿಯನ್ನು ಗೋಡೆಗೆಂದು ಎತ್ತಿಡುತ್ತಿದ್ದರು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಸಾಗರ, ಹೊಸನಗರದ ಹಳ್ಳಿಗಳು ಶರಾವತಿಯಲ್ಲಿ ಮುಳುಗಿದಾಗ ಅಂಥ ಮಣ್ಣಿನ ಗೋಡೆಗಳೂ ನೀರಿನಡಿಗೆ ಹೋದವು. ಚಿತ್ತಾರ ಉಳಿದದ್ದು ಎದ್ದು ಹೊರಟವರ ಕೈಯಲ್ಲಿ.

ಗೋಡೆಯಷ್ಟೇ ಮುಖ್ಯವಾದದ್ದು ಬುಟ್ಟಿ. ಹಸೆಗೋಡೆ ನೋಡಲು ಮದುವೆಗೆ ಹೋಗಬೇಕು, ಅದಕ್ಕೆ ನೆಂಟಸ್ತಿಕೆ ಬೇಕು. ಬುಟ್ಟಿ ಕಾಣುವ ಭೂಮಿ ಹುಣ್ಣಿಮೆಗೆ ಅದು ಬೇಡ. ಹೊಸಬರು ಇಲ್ಲಿಂದ ಶುರುಮಾಡುವುದು ಒಳ್ಳೆಯದು ಎಂದೇ ನನ್ನ ಸಲಹೆ. ಆಶ್ವಯುಜದ ಆ ಹುಣ್ಣಿಮೆಗೆ ಭತ್ತ ಹೊಡೆ ತುಂಬಿರುತ್ತದೆ, ಬಸುರಿ ಭೂಮಿತಾಯಿಗೆ ಬಯಕೆ ಬಡಿಸುವ ಹಬ್ಬ. ನವರಾತ್ರಿಯ ಹೊತ್ತಿಗೇ ಬುಟ್ಟಿಗೆ ಸಗಣಿ ಸಾರಿಸಿ, ಕೆಮ್ಮಣ್ಣು ಬಳಿದು, ಒಣಗಿಸಿ, ಚಿತ್ತಾರ ಬರೆಯುತ್ತಾರೆ. ಇದು ಭೂಮಣ್ಣಿ ಬುಟ್ಟಿ. ಗೋಡೆಯ ಚೌಕ ಇಲ್ಲಿ ದುಂಡಾಗಬೇಕು. ಸುತ್ತ ಹೊರಟ ಎಳೆ ಹೊರಟಲ್ಲಿಗೇ ಬಂದು ಕೂಡಬೇಕು, ನಿಲಿಯ ಕೊನೆಯ ಮನೆ ಅರ್ಧವಾಗಬಾರದು. ಬುಟ್ಟಿಯನ್ನು ತಿರುಗಿಸಿ ಆ ಕೂಡುವ ಜಾಗ ಹುಡುಕಿ. ಸಿಗದಿದ್ದರೆ ಬರೆದವರಿಗೆ ಕೈ ಮುಗಿಯಿರಿ. ರಾತ್ರಿಯಿಡೀ ಅಡುಗೆ ಮಾಡಿ, ಬೆಳಕು ಹರಿಯುವ ಮುಂಚೆ ಬುಟ್ಟಿ ಹೊತ್ತು ಗದ್ದೆಗೆ ಹೋಗಿ ಎಡೆ ಬೀರುತ್ತಾರೆ. ಕರೆದರೆ ಖಂಡಿತ ಹೋಗಿ. ದೀಪದ ಬೆಳಕಿನಲ್ಲಿ ಆ ಬಿಳಿ ಎಳೆ ನೋಡುವುದೇ ಬೇರೆ.

ಈಗ ಸಿಮೆಂಟ್ ಗೋಡೆ, ಆಯಿಲ್ ಪೇಂಟ್ ಬಂದು ಚಿತ್ತಾರ ಹಲಗೆಗೆ, ಬಟ್ಟೆಗೆ, ಚೌಕಟ್ಟಿಗೆ ಏರಿದೆ. ಸಿರಿವಂತೆಯ ಚಂದ್ರಶೇಖರ್, ಹಸುವಂತೆಯ ಈಶ್ವರ ನಾಯ್ಕರಂಥ ಗಂಡಸರೂ ಇದನ್ನು ಬರೆದು ಹೊರಗಿನವರಿಗೆ ತೋರಿಸಿದ್ದಾರೆ. ಚೌಕಟ್ಟಿಗೆ ಬಂದದ್ದು ತಪ್ಪೆಂದು ನಾನು ಹೇಳಲಾರೆ. ಬರೆಯುವವರಿಗೆ ನಾಲ್ಕು ಕಾಸು ಹುಟ್ಟಬೇಕು. ಆದರೆ ಕೊಳ್ಳುವಾಗ ಅದೇ ಪರೀಕ್ಷೆ ಮಾಡಿ: ಮೂಲೆಯ ತಿರುವು, ಎಳೆಗಳ ನಡುವಿನ ಕೆಂಪು. ಬಣ್ಣ ಯಾವುದರಿಂದ ಮಾಡಿದ್ದು ಎಂದು ಕೇಳಿ. ಬರೆದವರ ಹೆಸರು ಕೇಳಿ, ಹಿಂಬದಿಯಲ್ಲಿ ಬರೆಸಿಕೊಳ್ಳಿ. ದೀವರ ಮನೆಯ ಮದುವೆಗೆ ಕರೆ ಬಂದರಂತೂ ಮುಹೂರ್ತಕ್ಕೆ ಕಾಯದೆ ಹಸೆ ಬರೆಯುವ ದಿನವೇ ಹೋಗಿಬಿಡಿ. ಬರೆಯುವಾಗ ಹೆಂಗಸರು ಹಾಡುತ್ತಾರೆ, ಆ ಹಾಡಿನ ನಡೆಗೂ ಎಳೆಯ ನಡೆಗೂ ಇರುವ ನಂಟು ಒಣಗಿದ ಗೋಡೆಯಲ್ಲಿ ಕಾಣುವುದಿಲ್ಲ.