ಗರತಿಯ ನೆರಳಲ್ಲಿ ರತ್ನಾಜಿ

ಕೆಲ್ಟಿಕ್ ಪುರಾಣಗಳ ಪಕ್ಕದಲ್ಲಿಟ್ಟರೆ ನಮ್ಮ ಐತಿಹ್ಯಗಳು ಸಪ್ಪೆ ಎನ್ನುವುದು ಈಗ ಸಾಹಿತ್ಯಗೋಷ್ಠಿಗಳಲ್ಲಿ ಯಾರೂ ಎದುರಾಡದ ಮಾತಾಗಿಬಿಟ್ಟಿದೆ. ಕುಹುಲಿನ್, ಡೀರ್ಡ್ರಾ, ಗ್ರಾನ್ಯ ಇವರ ಕಥೆಗಳಲ್ಲಿ ವಿಷಾದವಿದೆಯಂತೆ, ಮಾಯೆಯಿದೆಯಂತೆ, ಮಂಜಿದೆಯಂತೆ. ನಮ್ಮವುಗಳಲ್ಲಿ ಇರುವುದು ನೀತಿ, ಹರಕೆ, ಕೊನೆಗೊಂದು ಮಂಗಳ. ಹೊಸ ಕಾಲದ ಓದುಗರು ಅತ್ತ ವಾಲಿದರೆ ತಪ್ಪೇನು ಎಂದು ಕೇಳಿ ಚಹಾಕ್ಕೆ ಏಳುತ್ತಾರೆ. ಮೈಸೂರು, ಬೆಂಗಳೂರಿನವರು ಹೀಗಂದರೆ ಸುಮ್ಮನಿರಬಹುದು. ಮಾನ್ವಿ, ದೇವದುರ್ಗದ ನೀರು ಕುಡಿದವರೂ ಹಾಗೇ ಅಂದಾಗ ನನಗೆ ರೇಗುತ್ತದೆ. ಹಿರೇಕೊಟ್ನೆಕಲ್ಲಿನ ಅಲಾಯಿ ಕುಣಿಯ ಸುತ್ತ ಹೆಜ್ಜೆ ಹಾಕಿ ಬೆಳೆದವರಿಗೆ ಸೋತು ಸತ್ತ ವೀರನ ಕಥೆ ಐರ್ಲೆಂಡಿನಿಂದ ಬರಬೇಕೆ?

ಮೊದಲು ಆ ಮಂಜಿನ ಮಾತು. ಕೆಲ್ಟಿಕ್ ಮೋಹ ಯುರೋಪಿಗೆ ಹತ್ತಿದ್ದೇ ಒಂದು ಸುಳ್ಳಿನಿಂದ. 1760ರ ದಶಕದಲ್ಲಿ ಜೇಮ್ಸ್ ಮ್ಯಾಕ್‌ಫರ್ಸನ್ ಎಂಬ ಸ್ಕಾಟ್ಲೆಂಡಿನವನು ಓಸಿಯನ್ ಎಂಬ ಪುರಾತನ ಕವಿಯ ಕಾವ್ಯ ಸಿಕ್ಕಿದೆ ಎಂದು ಸಾರಿದ. ಅಲ್ಲಿಷ್ಟು ಇಲ್ಲಿಷ್ಟು ಕೇಳಿದ ಹಾಡುಗಳ ಮೇಲೆ ಬಹುಪಾಲು ತಾನೇ ಕಟ್ಟಿದ್ದ. ನೆಪೋಲಿಯನ್ ಕೂಡ ಅದಕ್ಕೆ ಮರುಳಾದ. ನೂರು ವರ್ಷದ ಮೇಲೆ ಮ್ಯಾಥ್ಯೂ ಆರ್ನಾಲ್ಡ್ ಆಕ್ಸ್‌ಫರ್ಡಿನಲ್ಲಿ ನಿಂತು, ಕೆಲ್ಟ್ ಮನಸ್ಸೆಂದರೆ ಸೂಕ್ಷ್ಮ, ಭಾವುಕ, ಲೋಕವ್ಯವಹಾರಕ್ಕೆ ಒಗ್ಗದ್ದು ಎಂದು ಉಪನ್ಯಾಸ ಕೊಟ್ಟ. ಆಳುವವರು ಆಳಿಸಿಕೊಳ್ಳುವವರಿಗೆ ಕೊಡುವ ಬಿರುದು ಹೀಗೇ ಇರುತ್ತದೆ. ಮೂಲ ಐರಿಷ್ ಕಥೆಗಳಲ್ಲಿ ಮಂಜಿಗಿಂತ ದನ ಹೆಚ್ಚು. ಅವರ ಮಹಾಕಥೆ ‘ಟಾನ್’ ಶುರುವಾಗುವುದೇ ರಾಣಿ ಮೇವ್ ಮತ್ತು ಅವಳ ಗಂಡ ಹಾಸಿಗೆಯಲ್ಲಿ ಮಲಗಿ ಯಾರ ಆಸ್ತಿ ಹೆಚ್ಚೆಂದು ಲೆಕ್ಕ ಹಾಕುವುದರಿಂದ. ಪಾತ್ರೆ ಪಡಗ, ಒಡವೆ, ಕುರಿ, ಕುದುರೆ ಎಲ್ಲ ಸರಿಸಮ. ಗಂಡನ ಕಡೆ ಒಂದು ಹೋರಿ ಜಾಸ್ತಿ. ಅದಕ್ಕೆ ಸರಿಗಟ್ಟುವ ಹೋರಿಯನ್ನು ಹಿಡಿದು ತರಲು ದಂಡು ಹೊರಡುತ್ತದೆ. ತುರುಗೋಳಿನಲ್ಲಿ ಸತ್ತವರಿಗೆ ಕಲ್ಲು ನೆಟ್ಟ ನಾಡಿನವರು ನಾವು, ಊರೂರ ಹೊರಗೆ ಆ ವೀರಗಲ್ಲುಗಳಿವೆ. ಅವುಗಳಿಗೆ ಎಮ್ಮೆ ಕಟ್ಟಿ, ‘ಟಾನ್’ ಓದಿ ಬೆರಗಾಗುತ್ತೇವೆ.

ಈ ಹೋಲಿಕೆ ನನ್ನ ಹುಚ್ಚೇನಲ್ಲ. ಸುರಪುರ ಸಂಸ್ಥಾನದ ಆಡಳಿತ ನೋಡಿಕೊಂಡಿದ್ದ ಮೆಡೋಸ್ ಟೇಲರ್ ದೇವದುರ್ಗದಿಂದ ಕೃಷ್ಣೆ ದಾಟಿದರೆ ಸಿಗುವ ರಾಜನಕೊಳೂರಿನ ಶಿಲಾಗೋರಿಗಳನ್ನು ಅಳೆದು ಬರೆದ. ನಿವೃತ್ತನಾಗಿ ಡಬ್ಲಿನ್ನಿನಲ್ಲಿ ನೆಲೆಸಿದ ಮೇಲೆ ಆ ಲೇಖನ ಅಲ್ಲಿನ ರಾಯಲ್ ಐರಿಷ್ ಅಕಾಡೆಮಿಯ ಸಂಪುಟದಲ್ಲಿ ಬಂತು. ಶೀರ್ಷಿಕೆಯಲ್ಲೇ ಇವು ಕೆಲ್ಟರವೋ, ಡ್ರುಯಿಡರವೋ, ಸಿಥಿಯನ್ನರವೋ ಎಂಬ ಊಹೆ ಇತ್ತು. ಊಹೆ ತಪ್ಪು, ಆ ಕಲ್ಲುಗಳಿಗೂ ಕೆಲ್ಟರಿಗೂ ಸಂಬಂಧವಿಲ್ಲ. ಆದರೆ ಅವನ ಕಣ್ಣಿಗೆ ಐರ್ಲೆಂಡಿನ ಹೊಲದ ಕಲ್ಲುಮನೆಯೂ ನಮ್ಮ ಗುಡ್ಡದ ಕಲ್ಲುಮನೆಯೂ ಒಂದೇ ಥರ ಕಂಡವು. ಐರ್ಲೆಂಡಿನ ಜನ ತಮ್ಮ ಕಲ್ಲುಮನೆಗಳಿಗೆ ಡಿಯರ್ಮಿಡ್ ಮತ್ತು ಗ್ರಾನ್ಯರ ಹಾಸಿಗೆ ಅನ್ನುತ್ತಾರೆ. ಓಡಿಹೋದ ಜೋಡಿ ರಾತ್ರಿ ಕಳೆದ ಜಾಗಗಳು ಅವು. ಗಂಗಾವತಿ ಹತ್ತಿರದ ಹಿರೇಬೆಣಕಲ್ ಗುಡ್ಡದ ಮೇಲಿನವಕ್ಕೆ ನಮ್ಮವರು ಮೋರ್ಯರ ಮನೆ ಅನ್ನುತ್ತಾರೆ. ಅಲ್ಲಿ ಗಿಡ್ಡ ಜನ ಇದ್ದರೆಂದು ಕಥೆ. ಪ್ರೇಮಿಗಳಿಗೆ ನಮ್ಮಲ್ಲಿ ಯಾರೂ ಕಲ್ಲು ಬಿಟ್ಟುಕೊಟ್ಟಿಲ್ಲ.

ಗ್ರಾನ್ಯಳ ಕಥೆ ಗೊತ್ತಿರುವುದೇ. ಅಪ್ಪನಿಗಿಂತ ಹಿರಿಯನಾದ ಫಿನ್‌ನೊಂದಿಗೆ ಮದುವೆ ಗೊತ್ತಾಗಿದೆ. ಟಾರಾದ ಔತಣದಲ್ಲಿ ಅವಳ ಕಣ್ಣು ಹರೆಯದ ಡಿಯರ್ಮಿಡ್ ಮೇಲೆ ಬೀಳುತ್ತದೆ. ಉಳಿದವರಿಗೆಲ್ಲ ನಿದ್ದೆ ಬರುವ ಪಾನೀಯ ಕುಡಿಸಿ ಅವನಿಗೆ ಆಣೆ ಹಾಕುತ್ತಾಳೆ, ಕರೆದುಕೊಂಡು ಹೋಗು ಎಂದು. ಅವನಿಗೆ ಮನಸ್ಸಿಲ್ಲ, ಒಡೆಯನಿಗೆ ದ್ರೋಹ ಬಗೆಯಲಾರ. ಆಣೆಯನ್ನೂ ಮುರಿಯಲಾರ. ಹೋಗುತ್ತಾನೆ, ಸಾಯುತ್ತಾನೆ.

ಈಗ ಕುಮ್ಮಟದುರ್ಗಕ್ಕೆ ಬನ್ನಿ. 1997ರಲ್ಲಿ ಕೊಪ್ಪಳ ಬೇರೆ ಜಿಲ್ಲೆಯಾಗುವವರೆಗೆ ಅದು ನಮ್ಮ ರಾಯಚೂರು ಜಿಲ್ಲೆಯಲ್ಲೇ ಇತ್ತು. ಮುದಿ ರಾಜ ಕಂಪಿಲರಾಯ, ಎಳೆಯ ರಾಣಿ ರತ್ನಾಜಿ, ಹರೆಯದ ಮಲಮಗ ಕುಮಾರರಾಮ. ಚೆಂಡಾಟದಲ್ಲಿ ಚೆಂಡು ರಾಣಿಯ ಅರಮನೆಗೆ ಬೀಳುತ್ತದೆ. ತರಲು ರಾಮ ಒಳಗೆ ಹೋಗುತ್ತಾನೆ. ಅವಳು ಕೈ ಹಿಡಿಯುತ್ತಾಳೆ, ಇವನು ಕೊಡವಿ ಹೊರಡುತ್ತಾನೆ. ಅವಳು ಗಂಡನಿಗೆ ಉಲ್ಟಾ ಹೇಳುತ್ತಾಳೆ. ರಾಜ ಮಗನ ತಲೆ ತೆಗೆಯಲು ಹೇಳಿದರೆ, ಮಂತ್ರಿ ಬೈಚಪ್ಪ ಅವನನ್ನು ನೆಲಮನೆಯಲ್ಲಿ ಅಡಗಿಸಿ ಬೇರೆ ತಲೆ ತೋರಿಸುತ್ತಾನೆ. ದಿಲ್ಲಿಯ ದಂಡು ಬಂದಾಗ ಸತ್ತವನು ಎದ್ದು ಬರುತ್ತಾನೆ. ಕೊನೆಗೆ ಮಾತಂಗಿ ಎಂಬ ಹೆಣ್ಣಿನ ಜೊತೆ ಬಂದ ದಂಡಿನೆದುರು ನಿಜವಾಗಿಯೇ ಸಾಯುತ್ತಾನೆ.

ಎರಡರಲ್ಲೂ ಗಂಟು ಅದೇ. ಮುದುಕನ ಅಧಿಕಾರ, ಹೆಣ್ಣಿನ ಬಯಕೆ, ನಡುವೆ ಸಿಕ್ಕಿಬಿದ್ದ ಹುಡುಗ. ಬಿಚ್ಚುವ ಬಗೆ ಬೇರೆ. ಐರಿಷ್ ಕಥೆ ಗ್ರಾನ್ಯಳಿಗೆ ಮಾತು ಕೊಟ್ಟಿತು, ಕಾಡು ಕೊಟ್ಟಿತು, ವರ್ಷಗಟ್ಟಲೆ ಅಲೆಯಲು ದಾರಿ ಕೊಟ್ಟಿತು. ನಮ್ಮ ಬರೆದಿಟ್ಟ ಕಾವ್ಯ ರತ್ನಾಜಿಗೆ ಒಂದು ಚೆಂಡು ಕೊಟ್ಟು, ಆ ಕ್ಷಣಕ್ಕೇ ಪಾಪ ಅಂಟಿಸಿ ಬಾಗಿಲು ಹಾಕಿತು. ಈ ಬಾಗಿಲು ಹಾಕಿದವನ ಮೇಲೆ ನನಗೆ ಸಿಟ್ಟಿದೆ. ಸುಮಾರು 1525ರ ನಂಜುಂಡ ಕವಿ, ಸಾಂಗತ್ಯದಲ್ಲಿ ಒಳ್ಳೇ ಹಿಡಿತ ಇದ್ದವನು, ಕುದುರೆ ಯುದ್ಧ ಬಂದರೆ ಲವಲವಿಕೆಯಿಂದ ಬರೆಯುವವನು. ಆದರೆ ಅವನ ನಾಯಕ ಪರನಾರೀಸಹೋದರ. ಆ ಬಿರುದು ಹೊತ್ತ ಮೇಲೆ ರಾಮನಿಗೆ ಒಂದು ಗಳಿಗೆಯೂ ಎದೆ ಅಳುಕುವಂತಿಲ್ಲ. ಡಿಯರ್ಮಿಡ್ ದೊಡ್ಡವನಾಗುವುದು ಎರಡು ಕಟ್ಟಳೆಗಳ ನಡುವೆ ಒದ್ದಾಡುವುದರಿಂದ. ನಂಜುಂಡನ ರಾಮ ಒದ್ದಾಡುವುದೇ ಇಲ್ಲ, ಗೆದ್ದೇ ಒಳಗೆ ಹೋಗಿ ಗೆದ್ದೇ ಹೊರಗೆ ಬರುತ್ತಾನೆ. ಪಂಡಿತರು ಇದನ್ನು ಶೀಲದ ಉತ್ಕರ್ಷ ಅನ್ನುತ್ತಾರೆ. ನನ್ನ ಪಾಲಿಗೆ ಇದು ಕವಿಯ ಅಂಜಿಕೆ. ಕಾಲಧರ್ಮ ನೋಡಬೇಕು ಎಂದು ನಂಜುಂಡನ ಪರ ವಾದಿಸುವವರಿಗೆ, ಅದೇ ಸಾಂಗತ್ಯದಲ್ಲಿ ರತ್ನಾಕರವರ್ಣಿ ಭೋಗಕ್ಕೂ ಯೋಗಕ್ಕೂ ಒಂದೇ ಮನೆಯಲ್ಲಿ ಜಾಗ ಮಾಡಿಕೊಟ್ಟಿದ್ದನ್ನು ನೆನಪಿಸುತ್ತೇನೆ. ಅವನೂ ಅದೇ ಶತಮಾನದವನು.

ಐರಿಷ್ ಬರಹಗಾರರು ಪೂರ್ತಿ ಶುದ್ಧರೇನಲ್ಲ. ‘ಟಾನ್’ ಬರೆದಿಟ್ಟವರು ಕ್ರೈಸ್ತ ಮಠದ ಜನ. ಹನ್ನೆರಡನೆಯ ಶತಮಾನದ ‘ಲೀನ್‌ಸ್ಟರ್ ಗ್ರಂಥ’ದ ಲಿಪಿಕಾರ ಕಥೆ ಮುಗಿಸಿ, ಇದನ್ನು ಇದ್ದ ಹಾಗೇ ನೆನಪಿಟ್ಟವರಿಗೆ ಒಳಿತಾಗಲಿ ಎಂದು ಐರಿಷ್‌ನಲ್ಲಿ ಹರಸುತ್ತಾನೆ. ಕೆಳಗೇ ಲ್ಯಾಟಿನ್‌ನಲ್ಲಿ, ಇದರಲ್ಲಿ ನನಗೆ ನಂಬಿಕೆಯಿಲ್ಲ, ಕೆಲವೆಲ್ಲ ಪಿಶಾಚಿಗಳ ಮೋಸ ಎಂದು ಷರಾ ಬರೆಯುತ್ತಾನೆ. ಈ ಲಿಪಿಕಾರನೆಂದರೆ ನನಗೆ ಪ್ರಾಣ. ತನ್ನ ಧರ್ಮವನ್ನು ಅಡಿಟಿಪ್ಪಣಿಯಲ್ಲಿ ಇಟ್ಟ, ಕಥೆಯೊಳಗೆ ತೂರಿಸಲಿಲ್ಲ. 1902ರಲ್ಲಿ ಕುಹುಲಿನ್ ಕಥೆ ತಂದ ಲೇಡಿ ಗ್ರೆಗರಿ ಮೈಮಾಂಸದ ಸಂಗತಿಗಳನ್ನು ಒರೆಸಿದಳು. ಆದರೆ 1969ರಲ್ಲಿ ಥಾಮಸ್ ಕಿನ್ಸೆಲ್ಲಾ ಬಂದು ರಕ್ತ, ಹೇಲು, ಕಾಮ ಎಲ್ಲವನ್ನೂ ವಾಪಸ್ ತಂದ. ಒಬ್ಬರು ತೊಳೆದರೆ ಇನ್ನೊಬ್ಬರು ಕೊಳೆ ಮಾಡುವಷ್ಟು ಬರಹಗಾರರು ಸಾಲಾಗಿ ಬಂದರು. ಆಧುನಿಕ ಓದುಗ ಅನುಭವಿಸುವ ಮಾಂತ್ರಿಕತೆ ಈ ಸಾಲಿನ ದುಡಿಮೆ. ಆ ದುಡಿಮೆಯನ್ನು ಕೆಲ್ಟ್ ರಕ್ತದ ಗುಣ ಅಂದುಕೊಂಡವರು ಆರ್ನಾಲ್ಡನ ಶಿಷ್ಯರು.

ನಮ್ಮಲ್ಲಿ ಆ ಸಾಲು ಯಾಕೆ ಹುಟ್ಟಲಿಲ್ಲ? ನವೋದಯದವರಿಗೆ ಐರಿಷ್ ಪುನರುತ್ಥಾನ ಗೊತ್ತಿರಲಿಲ್ಲ ಎನ್ನುವಂತಿಲ್ಲ. ಬೇಂದ್ರೆಯವರಿಗೆ ಐರಿಷ್ ಕವಿ ಎ.ಇ. ಎಂದರೆ ಗುರುಸಮಾನ. ಯೇಟ್ಸನ ಗೆಳೆಯರು ಹಳ್ಳಿಗೆ ಹೋದ ಹಾಗೆ ನಮ್ಮವರೂ ಹೋದರು. ತಂದಿದ್ದೇನು? 1931ರಲ್ಲಿ ಹಲಸಂಗಿ ಗೆಳೆಯರ ‘ಗರತಿಯ ಹಾಡು’. ಮಧುರಚೆನ್ನರ ಬಳಗಕ್ಕೆ ಕೈಮುಗಿದೇ ಹೇಳುತ್ತೇನೆ, ಆ ತ್ರಿಪದಿಗಳ ಮುಂದೆ ಅರ್ಧ ನವೋದಯ ನಿಲ್ಲುವುದಿಲ್ಲ. ಆದರೆ ಅಲ್ಲಿಂದ ಮುಂದೆ ಕನ್ನಡ ಓದುಗನಿಗೆ ಜಾನಪದವೆಂದರೆ ಬೀಸುಕಲ್ಲಿನ ಮುಂದೆ ಕೂತು ತವರನ್ನು ನೆನೆಯುವ ಗರತಿ. ಅವಳು ಅಳಬಹುದು, ಅತ್ತೆಯ ಮೇಲೆ ಚುಚ್ಚುಮಾತು ಆಡಬಹುದು, ಮಲಮಗನ ಕೈ ಹಿಡಿಯುವಂತಿಲ್ಲ. ಐರ್ಲೆಂಡಿನ ಪುನರುತ್ಥಾನ ಡೀರ್ಡ್ರಾಳನ್ನು ಆರಿಸಿಕೊಂಡಿತು, ನಮ್ಮದು ಗರತಿಯನ್ನು. ಉದ್ದನೆಯ, ರಕ್ತದ, ಹಟದ, ಹಾದರದ ಕಥನಗಳು ಅಂಗಳದಾಚೆ ಉಳಿದವು. ಸ್ವಾತಂತ್ರ್ಯ ಬಂದ ಮೇಲೆ ಅವುಗಳಿಗೆ ವಿಶ್ವವಿದ್ಯಾಲಯದ ಜಾನಪದ ವಿಭಾಗ ಸಿಕ್ಕಿತು. ಆಶಯ, ಮಾದರಿ, ಪ್ರಾಪ್‌ನ ಪಟ್ಟಿ ಎಂದು ಅವುಗಳ ಕೈಕಾಲು ಬಿಡಿಸಿದರು. ರಂಗಭೂಮಿಯವರು ಮಾತ್ರ ಇದಕ್ಕೆ ಹೊರತು. ಕಂಬಾರರ ‘ಜೋಕುಮಾರಸ್ವಾಮಿ’, ಕಾರ್ನಾಡರ ‘ನಾಗಮಂಡಲ’ ಬಂದದ್ದು ನಾಟಕಕಾರನಿಗೆ ಹಾದರದ ಅಂಜಿಕೆ ಕಡಿಮೆ ಎಂಬ ಕಾರಣಕ್ಕೆ.

ಇನ್ನು ಈರಮ್ಮನ ಮಾತು. ದರೋಜಿ ಈರಮ್ಮ, ಬುಡ್ಗ ಜಂಗಮರ ಅಲೆಮಾರಿ ಹೆಣ್ಣುಮಗಳು, ಅಕ್ಷರ ಬಾರದವಳು. ಹನ್ನೆರಡು ಕಾವ್ಯಗಳು ಬಾಯಲ್ಲಿದ್ದವು ಎನ್ನುತ್ತಾರೆ, ಕುಮಾರರಾಮ ಅವುಗಳಲ್ಲೊಂದು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ನಾಡೋಜ ಕೊಟ್ಟಿತು, 2014ರಲ್ಲಿ ತೀರಿಕೊಂಡಳು. ಬುರ್ರಕಥೆ ನೋಡದವರಿಗೆ ಅದರ ರೀತಿ ಹೇಳಬೇಕು. ಮುಮ್ಮೇಳದವಳ ಹೆಗಲಿಗೆ ತಂಬೂರಿ, ಬೆರಳಿಗೆ ಗಗ್ಗರ. ಎರಡೂ ಪಕ್ಕದಲ್ಲಿ ಡಿಮ್ಮಿ ಬಡಿಯುವ ಹಿಮ್ಮೇಳ. ಮುಮ್ಮೇಳದವಳು ಮಾತಿನಲ್ಲಿ ಕಥೆ ನಡೆಸುತ್ತಾಳೆ, ಭಾವ ಬಿಗಿಯಾದಲ್ಲಿ ಹಾಡಿಗೆ ಹೊರಳುತ್ತಾಳೆ, ಕನ್ನಡ ಹೇಳುತ್ತಲೇ ತೆಲುಗು ಪದಕ್ಕೆ ಜಿಗಿಯುತ್ತಾಳೆ. ಹಿಮ್ಮೇಳ ಸುಮ್ಮನೆ ಹ್ಞೂಂಗುಡುವುದಲ್ಲ, ನಡುವೆ ಬಾಯಿ ಹಾಕುತ್ತದೆ, ಯಾಕ ಹಂಗ ಮಾಡಿದ್ಲು ಎಂದು ಕೇಳುತ್ತದೆ, ನಗುತ್ತದೆ. ಕೇಳುವವರ ಪರವಾಗಿ ತಗಾದೆ ತೆಗೆಯುವವರು ಕಥೆಯೊಳಗೇ ಇದ್ದಾಗ ತೀರ್ಪು ಒಬ್ಬರ ಕೈಯಲ್ಲಿ ಉಳಿಯುವುದಿಲ್ಲ. ನಂಜುಂಡ ಕವಿಗೆ ಇಲ್ಲದಿದ್ದುದು ಈ ಹಿಮ್ಮೇಳ. ರತ್ನಾಜಿ ಕೈ ಹಿಡಿದ ಗಳಿಗೆಯಲ್ಲಿ ಅವನ ಪಕ್ಕದಲ್ಲಿ ಡಿಮ್ಮಿ ಹಿಡಿದ ಹೆಂಗಸೊಬ್ಬಳು ನಿಂತು, ಮುದುಕಗ ಕಟ್ಟಿದವರು ಯಾರು ಅಂತ ಕೇಳಿದ್ದರೆ ಕನ್ನಡ ಸಾಹಿತ್ಯದ ಚರಿತ್ರೆಯೇ ಬದಲಾಗುತ್ತಿತ್ತು ಎಂದರೆ ಅತಿಯಾಯಿತು ಅನ್ನುವಿರಿ. ಅನ್ನಿ.

ಐರ್ಲೆಂಡಿನಲ್ಲಿ ಈರಮ್ಮನ ಜೋಡಿ ಪೆಗ್ ಸೇಯರ್ಸ್. ಬ್ಲಾಸ್ಕೆಟ್ ದ್ವೀಪದ ಬಡವಿ, ಐರಿಷ್‌ನಲ್ಲಿ ಓದು ಬರಹ ಇಲ್ಲದವಳು. ಅವಳ ಬಾಯಿಂದ ನೂರಾರು ಕಥೆ ಬರೆದುಕೊಂಡರು. ಮಗನಿಗೆ ಹೇಳಿ ಬರೆಸಿದ ಆತ್ಮಕಥೆ 1936ರಲ್ಲಿ ಬಂತು. ಆಮೇಲೆ ಅದನ್ನು ಶಾಲೆಗೆ ಪಠ್ಯ ಮಾಡಿದರು, ತಲೆಮಾರುಗಳ ಮಕ್ಕಳು ಅವಳನ್ನು ಬೈದುಕೊಂಡೇ ಓದಿದರು. ಬೈಸಿಕೊಳ್ಳುವಷ್ಟಾದರೂ ಅವಳು ಮನೆಮನೆಗೆ ಹೋದಳು. 1937-38ರಲ್ಲಂತೂ ಅಲ್ಲಿನ ಜಾನಪದ ಆಯೋಗ ಶಾಲೆಯ ಮಕ್ಕಳ ಕೈಗೇ ನೋಟ್‌ಬುಕ್ ಕೊಟ್ಟು ಅಜ್ಜ ಅಜ್ಜಿಯರ ಕಥೆ ಬರೆಸಿತು. ನಾವು ಈರಮ್ಮನಿಗೆ ಶಾಲು ಹೊದಿಸಿದೆವು. ಮಾನ್ವಿಯ ಕಾಲೇಜಿನಲ್ಲಿ ಎಷ್ಟು ಹುಡುಗರು ಅವಳ ಕುಮಾರರಾಮನನ್ನು ಓದಿ ಬೈದಿದ್ದಾರೆ?

ಸೋತ ವೀರನ ಕಥೆ ನಮ್ಮ ಜನಕ್ಕೆ ರುಚಿಸುವುದಿಲ್ಲ ಎಂಬುದು ಆ ಗೋಷ್ಠಿಯವರ ಇನ್ನೊಂದು ವಾದ. ಇವರು ಮೊಹರಂ ದಿನಗಳಲ್ಲಿ ರಾಯಚೂರು ಜಿಲ್ಲೆ ಬಿಟ್ಟು ಎಲ್ಲಿರುತ್ತಾರೋ! ರಿವಾಯತ್ ಪದದಲ್ಲಿ ಮದುಮಗ ಕಾಸೀಮ ಬಾಸಿಂಗದಲ್ಲೇ ಕರ್ಬಲಾಕ್ಕೆ ಇಳಿಯುತ್ತಾನೆ. ಹಾಡುವವರಲ್ಲಿ ಕುರುಬರಿದ್ದಾರೆ, ನಾಯಕರಿದ್ದಾರೆ, ಲಿಂಗಾಯತರಿದ್ದಾರೆ. ಕತ್ತಲರಾತ್ರಿ ಕೆಂಡದ ಕುಣಿಯ ಸುತ್ತ ಆ ಪದಕ್ಕೆ ಹೆಜ್ಜೆ ಹಾಕುತ್ತಾರೆ, ಚೊಂಗೆ ಹಂಚುತ್ತಾರೆ. ಸೋಲನ್ನು ವರ್ಷಕ್ಕೊಮ್ಮೆ ಇಷ್ಟು ಆಸೆಯಿಂದ ಎತ್ತಿ ಆಡುವ ಜನ ಬೇರೆಲ್ಲಾದರೂ ಇರಬಹುದು, ನಾವು ಅವರಿಗಿಂತ ಕಡಿಮೆಯವರಲ್ಲ ಅಷ್ಟೇ. ಕುಮಾರರಾಮನೂ ಹಾಗೆಯೇ ಉಳಿದಿದ್ದಾನೆ. ಮಲೆನಾಡಿನ ಹಲವು ಊರುಗಳಲ್ಲಿ ಅವನ ಮರದ ತಲೆಯನ್ನು ಇಟ್ಟು ಪೂಜಿಸುತ್ತಾರೆ. ವೇಲ್ಸಿನ ‘ಮ್ಯಾಬಿನೋಗಿಯನ್’ನಲ್ಲಿ ಬ್ರಾನ್ ದೊರೆಯ ಕಡಿದ ತಲೆ ಮಾತಾಡುತ್ತದೆ, ಲಂಡನ್ನಿನ ಬಿಳಿಗುಡ್ಡದಲ್ಲಿ ಹೂತ ಮೇಲೆ ನಾಡು ಕಾಯುತ್ತದೆ. ಬ್ರಾನ್‌ನ ತಲೆ ಪುರಾಣವಂತೆ, ರಾಮನ ತಲೆ ಮೌಢ್ಯವಂತೆ.

ಈಚೆಗೆ ಇನ್ನೊಂದು ಅಪಾಯ ಸೇರಿದೆ. ಕುಮಾರರಾಮನನ್ನು ಬರೀ ತುರ್ಕರ ವಿರುದ್ಧ ಹೋರಾಡಿದ ಧರ್ಮವೀರನನ್ನಾಗಿ ಮಾಡುವ ಉಮೇದು. 2006ರಲ್ಲಿ ಶಿವರಾಜ್‌ಕುಮಾರ್ ಸಿನಿಮಾ ಬಂದಾಗಿಂದ ಗಂಡುಗಲಿ ಎಂಬ ಪದ ಬ್ಯಾನರುಗಳಿಗೆ ಹತ್ತಿದೆ. ಆದರೆ ಕಂಪಿಲರಾಯನ ರಾಜ್ಯ ಕಂಪಿಲಿ ಬಿದ್ದದ್ದು 1327ರ ಸುಮಾರಿಗೆ, ಕಾರಣ ಬಹಾಉದ್ದೀನ್ ಗುರ್ಶಾಸ್ಪ್. ಶಹಾಪುರದ ಹತ್ತಿರದ ಸಗರದಲ್ಲಿ ಅಧಿಕಾರಿಯಾಗಿದ್ದವನು, ಮುಹಮ್ಮದ್ ತುಘಲಕ್‌ನ ಬಂಧು, ಅವನ ಮೇಲೇ ದಂಗೆ ಎದ್ದು ಸೋತು ಓಡಿಬಂದ. ಕಂಪಿಲ ಅವನಿಗೆ ಆಸರೆ ಕೊಟ್ಟ, ಬಿಟ್ಟುಕೊಡಲಿಲ್ಲ, ರಾಜ್ಯ ಕಳೆದುಕೊಂಡ. ಇಬ್ನ್ ಬತೂತ ಇದನ್ನು ಬರೆದಿದ್ದಾನೆ. ಮನೆಗೆ ಬಂದ ಮುಸಲ್ಮಾನನಿಗಾಗಿ ಮುಳುಗಿದ ಮನೆತನದ ಕಥೆಗೆ ಹೊಸ ಓದುಗ ಬೇಕಾದರೆ ಇಷ್ಟು ಸಾಕಲ್ಲವೆ? ಯೇಟ್ಸನಿಗೆ ಸಿಕ್ಕಿದ್ದರೆ ಐದು ನಾಟಕ ಬರೆಯುತ್ತಿದ್ದ.

ನಮ್ಮಲ್ಲಿ ಯಾರು ಬರೆಯಬೇಕು ಎಂಬುದರಲ್ಲಿ ನನಗೆ ಪಕ್ಷಪಾತವಿದೆ, ಮುಚ್ಚಿಡುವುದಿಲ್ಲ. ಧಾರವಾಡದ ನಾದಕ್ಕೂ ಮೈಸೂರಿನ ನಯಕ್ಕೂ ರತ್ನಾಜಿ ದಕ್ಕುವುದಿಲ್ಲ. ಅವು ಗರತಿಯನ್ನು ಹಾಡಿ ಹದಗೊಂಡ ಕನ್ನಡಗಳು. ತೆಲುಗು ಬೆರೆತು, ಉರ್ದು ಬೆರೆತು, ಒಂದು ವಾಕ್ಯದೊಳಗೇ ಮೂರು ಊರಿನ ಸಂತೆ ಸುತ್ತಿ ಬರುವ ದೋಆಬಿನ ಮಾತು ಬೇಕು. ಅದರಲ್ಲಿ ಬರೆದ ಹಸ್ತಪ್ರತಿ ಬೆಂಗಳೂರಿನ ಸಂಪಾದಕರ ಮೇಜಿಗೆ ಹೋದರೆ ಮೊದಲು ತೆಲುಗು ಪದಗಳಿಗೆ ಕೆಂಪು ಗೀರು ಬೀಳುತ್ತದೆ, ಆಮೇಲೆ ರತ್ನಾಜಿಯ ಮಾತುಗಳಿಗೆ. ಬರೆಯುವವರು ಎರಡನ್ನೂ ಒಪ್ಪಬಾರದು, ಅಚ್ಚಾಗುವುದು ಎರಡು ವರ್ಷ ತಡವಾದರೂ ಚಿಂತೆಯಿಲ್ಲ.